ಮೆಣಸಿನಕಾಯಿ ಯಾರ್ಡಿನ ಕಡೆಯ ಸೀನು

ನನ್ನ ಹೆಂಡತಿ ಸಿನಿಮಾ, ಧಾರಾವಾಹಿಗಳಲ್ಲಿ ಕೆಲಸ ಮಾಡುತ್ತಾಳೆ ಎಂದರೆ ರಾಣೆಬೆನ್ನೂರಿನ ಜನ ಮೊದಲು ಕೇಳುತ್ತಿದ್ದದ್ದು, ಯಾವ ಪಾರ್ಟು ಅಂತ. ಪಾರ್ಟು ಮಾಡುವುದಿಲ್ಲ ಎಂದರೆ, ಹಾಡು ಹೇಳುತ್ತಾಳೇನು ಎನ್ನುತ್ತಿದ್ದರು. ಅದೂ ಇಲ್ಲವೆಂದರೆ ನನ್ನ ಮುಖವನ್ನೊಮ್ಮೆ ನೋಡಿ ಬೇರೆ ಮಾತಿಗೆ ಹೋಗುತ್ತಿದ್ದರು. ನನ್ನದು ಬೀಜದ ಅಂಗಡಿ. ಅಂಗಡಿಗೆ ಬಂದವರಿಗೆ ಹೇಳಲು ಒಂದು ಉತ್ತರ ಕಲಿತಿಟ್ಟುಕೊಂಡಿದ್ದೆ.

"ಮದುವ್ಯಾಗ ಮದುಮಕ್ಕಳು ಮ್ಯಾಲ ಕುಂತಿರ್ತಾರಲ್ರಿ? ಹಂದ್ರ ಹಾಕ್ಸೋದು, ಅಡಗಿಯವರನ್ನ ಕರಸೋದು, ಬೀಗರಿಗೆ ಗಾಡಿ ಕಳಸೋದು, ಇವನ್ನೆಲ್ಲ ಒಬ್ರು ಮಾಡ್ತಾರಲ್ಲ, ಅದು ಆಕಿ ಕೆಲಸ."

ನಮ್ಮ ಅವ್ವನಿಗೆ ಈ ಉತ್ತರ ಸೇರುತ್ತಿರಲಿಲ್ಲ. "ಮಂದಿ ಸೊಸ್ತೇರು ಸಿನಿಮಾಕ್ಕ ಹೋದ್ರ ಪೋಸ್ಟರಿನ್ಯಾಗರ ಕಾಣಸ್ತಾರ. ನಮ್ಮಾಕಿ ಅಲ್ಲಿ ಹೋಗಿನೂ ಊಟದ ಉಸ್ತುವಾರಿನ ಮಾಡಾಕತ್ಯಾಳ."

"ಅತ್ತಿ, ಇಲ್ಲಿ ಮೂರು ಮಂದಿಗೆ, ಅಲ್ಲಿ ನೂರು ಮಂದಿಗೆ. ಅಷ್ಟ ಫರಕು," ಎಂದು ಆಕೆ ನಗುತ್ತಿದ್ದಳು.

ಬರುವ ದೀಪಾವಳಿಗೆ ಆಕೆ ಹೋಗಿ ಒಂದು ವರ್ಷ ಆಗುತ್ತದೆ. ನಮಗೆ ಮಕ್ಕಳಿಲ್ಲ. ಆಕೆಯ ಬಗ್ಗೆ ಮನೆಯಲ್ಲಿ ಮಾತಾಡಬೇಕೆಂದರೆ ನಾನು ಮತ್ತು ಅವ್ವ ಇಬ್ಬರೇ. ಅವ್ವ ಮಾತು ತೆಗೆದರೆ ಅಳುತ್ತಾಳೆ, ನಾನು ಮಾತೇ ತೆಗೆಯುವುದಿಲ್ಲ. ಅದಕ್ಕೇ ಬರೆಯುತ್ತಿದ್ದೇನೆ.

ಆಕೆ ಕಾಗಿನೆಲೆ ಕಡೆಯವಳು. ಮದುವೆಯಾಗಿ ಬಂದ ಹೊಸದರಲ್ಲಿ ನಮ್ಮ ಬೀಜದ ಹೊಲಗಳ ಹೆಣ್ಣಾಳುಗಳನ್ನು ನೋಡಿಕೊಳ್ಳುತ್ತಿದ್ದಳು. ಹೈಬ್ರಿಡ್ ಬೀಜ ಆಗಬೇಕೆಂದರೆ ಒಂದು ಗಿಡದ ಹೂವಿನ ಪರಾಗವನ್ನು ಇನ್ನೊಂದು ಗಿಡದ ಹೂವಿಗೆ ಕೈಯಿಂದಲೇ ಮುಟ್ಟಿಸಬೇಕು. ನಮ್ಮ ಕಡೆ ಇದಕ್ಕೆ ಕ್ರಾಸಿಂಗ್ ಎನ್ನುತ್ತಾರೆ. ಬಿಸಿಲು ಏರುವುದರೊಳಗೆ ಮುಗಿಯಬೇಕು, ಏರಿದ ಮೇಲೆ ಹೂವು ಬಾಡುತ್ತದೆ. ನಲವತ್ತು ಹೆಣ್ಣುಮಕ್ಕಳನ್ನು ಬೆಳಿಗ್ಗೆ ಟೆಂಪೋದಲ್ಲಿ ಕರೆತರುವುದು, ಯಾರು ಬರಲಿಲ್ಲ, ಯಾರ ಕೂಸಿಗೆ ಜ್ವರ, ಯಾರ ಯಾರ ನಡುವೆ ಮಾತಿಲ್ಲ ಎಂದು ತಿಳಿದು ಸಾಲು ಹಂಚುವುದು ಆಕೆಯ ಕೆಲಸ. ನಮ್ಮ ಅಂಗಡಿಯ ಒಂದು ಉದ್ದನೆಯ ನೋಟ್‌ಬುಕ್ಕಿನಲ್ಲಿ ಎಲ್ಲ ಬರೆದಿಡುತ್ತಿದ್ದಳು. ದಿನದ ಕಡೆಯ ಸಾಲು ಯಾವಾಗಲೂ ಒಂದೇ: ಎಲ್ಲರೂ ಉಂಡರು.

ಒಂದು ಸಲ ಗಳಗನಾಥದ ಗುಡಿಯ ಹತ್ತಿರ ಯಾವುದೋ ಧಾರಾವಾಹಿಯ ಶೂಟಿಂಗ್ ಬಂದಿತ್ತು. ಅವರ ಅಡುಗೆಯ ವ್ಯಾನು ದಾರಿಯಲ್ಲೇ ಕೆಟ್ಟು ನಿಂತಿತು. ಅಲ್ಲೇ ಪಕ್ಕದ ಹೊಲದಲ್ಲಿ ನಮ್ಮ ಕೆಲಸ ನಡೆದಿತ್ತು. ಶೂಟಿಂಗಿನ ಮ್ಯಾನೇಜರ್ ಒಬ್ಬ ಫೋನು ಹಿಡಿದುಕೊಂಡು ಬದುವಿನ ಮೇಲೆ ಹಿಂದೆ ಮುಂದೆ ಓಡಾಡುವುದನ್ನು ನೋಡಿ ಈಕೆ, "ಎಷ್ಟ್ ಮಂದಿ ಅದೀರಿ?" ಎಂದು ಕೇಳಿದಳು. ಎಂಬತ್ತು ಎಂದ. ಆಕೆ ಊರೊಳಗೆ ಹೋಗಿ ಮನೆಗೆ ಹತ್ತರಂತೆ ರೊಟ್ಟಿ ತಟ್ಟಿಸಿದಳು. ಯಾರ ಮನೆಯದೋ ಬದನೆಕಾಯಿ ಪಲ್ಯ, ಇನ್ಯಾರ ಮನೆಯದೋ ಶೇಂಗಾ ಚಟ್ನಿ. ಎರಡು ತಾಸಿನೊಳಗೆ ಬೇವಿನ ಗಿಡದ ಕೆಳಗೆ ಎಲ್ಲರನ್ನೂ ಒಂದೇ ಸಾಲಿನಲ್ಲಿ ಕೂಡ್ರಿಸಿದಳು. ನಾಯಕಿಯ ಪಕ್ಕ ಲೈಟು ಹೊರುವವನು, ಅವನ ಪಕ್ಕ ಡ್ರೈವರ್. ಸಿನಿಮಾದವರಲ್ಲಿ ಊಟಕ್ಕೂ ಮೇಲು ಕೆಳಗು ಇದೆ, ಮೊದಲು ಕಲಾವಿದರು, ಕಡೆಗೆ ಕೂಲಿಯವರು ಎಂಬುದು ಆಕೆಗೆ ಗೊತ್ತಿರಲಿಲ್ಲ. ಮ್ಯಾನೇಜರ್ ಗಾಬರಿಯಾದನಂತೆ. ಆದರೆ ಅವತ್ತು ಯಾರೂ ಜಗಳ ಆಡಲಿಲ್ಲ, ಮತ್ತು ಮಧ್ಯಾಹ್ನದ ಕೆಲಸ ಬೇಗ ಮುಗಿಯಿತು. ಹೋಗುವಾಗ ಆತ ನಮ್ಮ ಅಂಗಡಿಯ ಫೋನ್ ನಂಬರ್ ಬರೆದುಕೊಂಡು ಹೋದ.

ಮೇಲು ಕೆಳಗು ಗೊತ್ತಾದ ಮೇಲೂ ಆಕೆ ಒಂದೇ ಸಾಲನ್ನು ಬಿಡಲಿಲ್ಲ.

ಮೊದಲು ನಮ್ಮ ಕಡೆ ಶೂಟಿಂಗ್ ಬಂದಾಗಷ್ಟೇ ಕರೆಯುತ್ತಿದ್ದರು. ಆಮೇಲೆ ಹುಬ್ಬಳ್ಳಿ. ಆಮೇಲೆ ಬೆಂಗಳೂರಿನಲ್ಲಿ ಪ್ರೊಡಕ್ಷನ್ ಮ್ಯಾನೇಜರ್. ಕಡೆಗೆ ಒಂದು ಟಿವಿ ವಾಹಿನಿಯಲ್ಲಿ ಪ್ರೊಡಕ್ಷನ್ ಎಕ್ಸಿಕ್ಯೂಟಿವ್. ಏಳನೇ ಮಹಡಿಯಲ್ಲಿ ಕುರ್ಚಿ, ಮೇಜು, ಐದು ಧಾರಾವಾಹಿಗಳ ಹೊಣೆ. ಯಾವ ದಿನ ಎಲ್ಲಿ ಶೂಟಿಂಗ್, ಯಾವ ನಟಿಗೆ ಬಾಣಂತನ, ಯಾವ ಕಂತು ಇನ್ನೂ ಎಡಿಟಿಂಗಿನಲ್ಲಿ ಸಿಕ್ಕಿಕೊಂಡಿದೆ, ಎಲ್ಲ ಆಕೆಗೆ ಗೊತ್ತಿರಬೇಕು. "ಅದ ಕ್ರಾಸಿಂಗ್ ಕೆಲಸರಿ. ಹೂವಿನ ಬದ್ಲಿ ಬೆಳಕು ಬಾಡ್ತೈತಿ ಅಷ್ಟ," ಎನ್ನುತ್ತಿದ್ದಳು. ಎರಡು ವಾರಕ್ಕೊಮ್ಮೆ ಶನಿವಾರದ ರೈಲಿಗೆ ಬರುತ್ತಿದ್ದಳು. ನಾನು ಸ್ಕೂಟರ್ ತೆಗೆದುಕೊಂಡು ಸ್ಟೇಷನ್ನಿಗೆ ಹೋಗುತ್ತಿದ್ದೆ. ದಿನಾ ಬೆಳಿಗ್ಗೆ ಫೋನ್ ಮಾಡಿದರೆ ಮೊದಲ ಪ್ರಶ್ನೆ, "ಮಾಡ ಆಗೈತೇನ್ರೀ?" ಶೂಟಿಂಗ್ ಬೆಂಗಳೂರಿನಲ್ಲಿ, ಮೋಡ ಕೇಳುವುದು ರಾಣೆಬೆನ್ನೂರಿನದು. ಅಭ್ಯಾಸ.

ಹೆಂಡತಿಯನ್ನು ಬೆಂಗಳೂರಿಗೆ ಕಳಿಸಿ ಗಂಡ ಇಲ್ಲಿ ಅಂಗಡಿ ಕಾಯುತ್ತಾನೆ ಎಂದು ಜನ ಆಡಿಕೊಂಡರು. ನಾನು ಕಡಿಮೆ ಮಾತಿನವನು, ಅವರಿಗೆ ಬೇಗ ಬೇಜಾರಾಯಿತು.

ಹದಿನಾರು ವರ್ಷದ ಮೇಲೆ ಆಕೆ ಆ ಕುರ್ಚಿ ಬಿಟ್ಟು ಬಂದಳು. ಕಾರಣ ಕೇಳಿದರೆ ಹೇಳಿದ್ದು ಇಷ್ಟು: "ಟಿವ್ಯಾಗ ನಮ್ಮ ಕಡೆ ಮಾತು ಬಂತಂದ್ರ ಮಂದೀನ್ನ ನಗಸಾಕ ಬರ್ತೈತಿ. ಒಂದ್ ಸಲನರ ಸಿಟ್ಟಿಗೇಳಾಕ ಬರಲಿ, ಸುಮ್ ಕುಂದ್ರಾಕ ಬರಲಿ." ಬೆಂಗಳೂರಿನ ಒಬ್ಬ ಯುವ ನಿರ್ದೇಶಕಿ ಒಂದು ಸಣ್ಣ ಸಿನಿಮಾದ ಕಥೆ ಇಟ್ಟುಕೊಂಡು ಓಡಾಡುತ್ತಿದ್ದಳು. ಅಪ್ಪ ತೀರಿಕೊಂಡ ಮೇಲೆ ಒಬ್ಬ ಹುಡುಗಿ ಮೊದಲ ಸಲ ತಾನೇ ಮೆಣಸಿನಕಾಯಿ ಚೀಲ ಹೇರಿಕೊಂಡು ಬ್ಯಾಡಗಿಗೆ ಮಾರಲು ಬರುವ ಕಥೆ. ನನ್ನ ಹೆಂಡತಿ ಅದಕ್ಕೆ ಕಾರ್ಯಕಾರಿ ನಿರ್ಮಾಪಕಿಯಾದಳು. ಹಾವೇರಿ, ರಾಣೆಬೆನ್ನೂರುಗಳಲ್ಲಿ ಇಪ್ಪತ್ತು ದಿನ ಶೂಟಿಂಗ್ ಚೆನ್ನಾಗಿ ನಡೆಯಿತು. ಉಳಿದದ್ದು ಕಡೆಯ ಸೀನು: ಬ್ಯಾಡಗಿಯ ಯಾರ್ಡಿನಲ್ಲಿ ಕೆಂಪು ರಾಶಿಗಳ ನಡುವೆ ಹುಡುಗಿ ತನ್ನ ರಾಶಿಯ ಪಕ್ಕ ನಿಂತು ಕಾಯುವುದು.

ಆ ದಿನ ನಾನೂ ಬ್ಯಾಡಗಿಯಲ್ಲಿದ್ದೆ, ಒಬ್ಬ ವರ್ತಕರ ಹತ್ತಿರ ಕೆಲಸವಿತ್ತು. ಆಕೆ ರಸ್ತೆಯ ಪರವಾನಗಿಗೆ ಸಹಿ ಹಾಕಿಸಲು ಹಾವೇರಿಗೆ ಹೋಗಿದ್ದಳು. ಟೆಂಡರಿನ ದಿನ, ಯಾರ್ಡು ತುಂಬ ಗಿಡ್ಡ ದಪ್ಪನೆಯ ಡಬ್ಬಿ, ಉದ್ದ ತೆಳ್ಳನೆಯ ಕಡ್ಡಿ ಎಂಬ ಎರಡು ಜಾತಿ ಮೆಣಸಿನಕಾಯಿಯ ರಾಶಿ, ನಡುವೆ ಕಾಲಿಡಲು ಜಾಗವಿಲ್ಲ. ಶೂಟಿಂಗಿನವರ ಲಾರಿಯಿಂದ ಆಳೆತ್ತರದ ಒಂದು ಫ್ಯಾನು ಇಳಿಯಿತು. ಅದು ಇಳಿಯುವುದನ್ನು ನಾನು ನೋಡಿದೆ. ಬಿಸಿಲಿಗೆ ತಂಪಾಗಲಿ ಎಂದು ತಂದಿರಬೇಕು, ದೂರ ಇಡುತ್ತಾರೆ, ಇಷ್ಟು ತಿಳಿಯದವರೇ ಎಂದುಕೊಂಡು ಸುಮ್ಮನಿದ್ದೆ. ನಾಯಕಿಯ ಸೆರಗು ಹಾರಬೇಕಾಗಿತ್ತಂತೆ. ಅವರು ಅದನ್ನು ರಾಶಿಗಳ ಕಡೆ ಮುಖಮಾಡಿ ಹಚ್ಚಿದರು.

ಒಣಮೆಣಸಿನಕಾಯಿಯ ಧೂಳು ಎದ್ದರೆ ಏನಾಗುತ್ತದೆ ಎಂದು ಈ ಭಾಗದಲ್ಲಿ ಯಾರೂ ಯಾರಿಗೂ ಹೇಳಿಕೊಡುವುದಿಲ್ಲ. ಹಮಾಲರು ಚೀಲ ಒಗೆದು ಓಡಿದರು. ರಾಶಿ ರಾಶಿಗೆ ಟೆಂಡರಿನ ಧಾರಣೆ ಬರೆಯುತ್ತಿದ್ದ ವರ್ತಕರು ಕೆಮ್ಮುತ್ತ ಕಟ್ಟೆ ಇಳಿದರು. ಕ್ಯಾಮೆರಾ ಹಿಡಿದವನು ಕಣ್ಣುಜ್ಜಿಕೊಂಡ, ಮುಗಿಯಿತು, ಅಲ್ಲೇ ಕೂತುಬಿಟ್ಟ. ಸೆರಗೇನೋ ಹಾರಿತು, ಸೆರಗಿನೊಳಗಿನ ಹುಡುಗಿ ಹತ್ತು ನಿಮಿಷ ಸೀನಿದಳು. ಎಲ್ಲಕ್ಕಿಂತ ಕೆಟ್ಟದ್ದೆಂದರೆ ಹಗುರ ಕಾಯಿಗಳು ಹಾರಿ ಒಬ್ಬ ರೈತನ ಡಬ್ಬಿ ಇನ್ನೊಬ್ಬನ ಕಡ್ಡಿಯಲ್ಲಿ ಕಲೆತುಹೋದವು.

ಆಕೆ ಹಾವೇರಿಯಿಂದ ಬರುವಷ್ಟರಲ್ಲಿ ಫ್ಯಾನು ನಿಂತಿತ್ತು, ಟೆಂಡರೂ ನಿಂತಿತ್ತು. ಕಲೆತ ಕಾಯಿಗಳನ್ನು ಬೇರೆ ಮಾಡಲು ತೊಟ್ಟು ಮುರಿಯುವ ಹೆಣ್ಣುಮಕ್ಕಳನ್ನು ಕೂಡ್ರಿಸಿದ್ದರು. ಅವರಿಗೆ ಹಿರಿಯಳಾದವಳನ್ನು ಎಲ್ಲರೂ ದೊಡ್ಡವ್ವ ಎನ್ನುತ್ತಾರೆ. ಆಕೆ ನನ್ನ ಹೆಂಡತಿಯನ್ನು ನೋಡಿದವಳೇ, "ಬರ್ರಿ ಸಿನಿಮಾದವ್ರ. ನಿಮ್ಮ ಗಾಳಿ ಬಾಳ ಚಲೋ ಇತ್ತು," ಎಂದಳು. ಇವಳು ಸೆರಗು ಸೊಂಟಕ್ಕೆ ಸಿಕ್ಕಿಸಿ ಅವರ ನಡುವೆ ಕೂತಳು. ಸಂಜೆಯವರೆಗೆ ಡಬ್ಬಿಯನ್ನು ಕಡ್ಡಿಯಿಂದ ಆರಿಸಿದಳು. ಏಳುವಾಗ ಮಾರುಕಟ್ಟೆಯವರು ಹೇಳಿದರು, ಇನ್ನು ಮೇಲೆ ಇಲ್ಲಿ ಶೂಟಿಂಗ್ ಇಲ್ಲ.

ಅವತ್ತು ಮನೆಗೆ ಬಂದಾಗ ಆಕೆಯ ಕೈ ಬೆಂಕಿಯಂತೆ ಉರಿಯುತ್ತಿತ್ತು. ಎಣ್ಣೆ ಹಚ್ಚಿದೆವು, ತಣ್ಣನೆಯ ಮಜ್ಜಿಗೆಯಲ್ಲಿ ಕೈ ಅದ್ದಿಸಿದೆವು. ಮೊಸರನ್ನ ಕಲಸಿ ನಾನೇ ತುತ್ತು ಕೊಟ್ಟೆ. ಅವ್ವ ಮುಖ ಆಚೆ ತಿರುಗಿಸಿಕೊಂಡು ಕೂತಳು.

"ತಪ್ಪು ನಂದರಿ," ಎಂದಳು ಆಕೆ. "ಮಾಡಬಾರದ್ದೆಲ್ಲ ಬರ್ದು ಕೊಟ್ಟಿದ್ದೆ. ಗಾಳಿ ಬ್ಯಾಡಂತ ಬರೀಲಿಲ್ಲ. ಅದನ್ನೂ ಬರೀಬೇಕಂತ ಯಾರಿಗೆ ಹೊಳೀತೈತಿ?"

ನಾನು ಹೇಳಿದೆ, ಫ್ಯಾನು ಇಳಿಯುವುದನ್ನು ನಾನು ನೋಡಿದ್ದೆ ಅಂತ.

ಆಕೆ ತುತ್ತು ನುಂಗಿ ನನ್ನನ್ನು ನೋಡಿದಳು. "ನೋಡಿ ಸುಮ್ಕಿದ್ರಿ?"

"ಅವ್ರಿಗೆ ಗೊತ್ತಿರ್ತೈತಿ ಅನ್ಕೊಂಡೆ."

"ನೀವು ಬಾಯಿ ತಗದಿದ್ರ ಅದ ಒಂದ್ ಸಿನಿಮಾ ಆಗ್ತಿತ್ತು ಬಿಡ್ರಿ," ಎಂದು ನಕ್ಕಳು. ಕ್ಷಮಿಸಿದ್ದು ಗೊತ್ತಾಯಿತು. ಆದರೆ ಆ ಮಾತು ನನ್ನೊಳಗೆ ಉಳಿದುಬಿಟ್ಟಿತು.

ಮುಂದಿನ ಸುಗ್ಗಿಗೆ ಮತ್ತೆ ಹೋಗಿ ಕೈಮುಗಿದು ಕೇಳುತ್ತೇನೆ ಎಂದುಕೊಂಡಿದ್ದಳು. ಬೇಸಿಗೆ ಮುಗಿಯುವ ಹೊತ್ತಿಗೆ ಹೊಟ್ಟೆಯಲ್ಲಿ ಗಂಟಿದೆ ಎಂದು ಗೊತ್ತಾಯಿತು. ಹುಬ್ಬಳ್ಳಿಯ ಆಸ್ಪತ್ರೆಗೆ ಹೋಗಿ ಬರುವುದು ಶುರುವಾಯಿತು. ಮಳೆಗಾಲ ಮುಗಿಯುತ್ತ ಬಂದಾಗ ಒಂದು ದಿನ, ಸ್ವಲ್ಪ ಆರಾಮ ಅನಿಸಿದಾಗ, ತವರಿನ ಕಡೆಯಿಂದ ಒಂದು ಬೂದಗುಂಬಳಕಾಯಿ ತರಿಸಿದಳು. ಸಣ್ಣದೇನಲ್ಲ, ಎರಡೂ ಕೈಯಲ್ಲಿ ತಬ್ಬಿ ಎತ್ತಬೇಕು. ನನ್ನ ಕೈಯಿಂದ ಹಗ್ಗದ ನೆಲುವು ಹೆಣೆಸಿ ಅಂಗಡಿಯ ಹಿಂದಿನ ಗೋದಾಮಿನ ತೊಲೆಗೆ ತೂಗುಹಾಕಿಸಿದಳು.

"ಸಂಡಿಗಿಗೆ ಬಾಳ ಚಲೋ ಕಾಯಿ," ಎಂದಳು ಅವ್ವ.

"ಅದನ್ನ ಮುಟ್ಟಬ್ಯಾಡ್ರಿ ಅತ್ತಿ. ಸಿನಿಮಾ ಮುಗಿದ್ ದಿನ ಒಡಿಯಾಕ."

ಶೂಟಿಂಗ್ ಪೂರ್ತಿ ಮುಗಿದ ದಿನ ಕುಂಬಳಕಾಯಿ ಒಡೆಯುವುದು ಸಿನಿಮಾದವರ ಪದ್ಧತಿ. ಕಾಯಿ ತರುವುದು ಪ್ರೊಡಕ್ಷನ್‌ನವರ ಕೆಲಸ. ಇಪ್ಪತ್ತು ವರ್ಷದಲ್ಲಿ ಆಕೆ ಎಷ್ಟು ಕಾಯಿ ತಂದಿದ್ದಳೋ. ಈ ಸಲ ಮಾತ್ರ ಆರು ತಿಂಗಳು ಮೊದಲೇ ತಂದಳು. ಯಾಕೆ ಮೊದಲೇ ಎಂದು ನಾನೂ ಕೇಳಲಿಲ್ಲ, ಆಕೆಯೂ ಹೇಳಲಿಲ್ಲ.

ದೀಪಾವಳಿ ಕಳೆದು ಎಂಟು ದಿನಕ್ಕೆ ಹೋದಳು.

ಮಾರ್ಚ್ ತಿಂಗಳಲ್ಲಿ ನಿರ್ದೇಶಕಿಯ ಫೋನ್ ಬಂತು. ಮೊದಲು ಸ್ವಲ್ಪ ಹೊತ್ತು ಅತ್ತಳು. ಆಮೇಲೆ ವಿಷಯ ಹೇಳಿದಳು. ಕಡೆಯ ಸೀನು ಇಲ್ಲದೆಯೇ ಸಿನಿಮಾ ಮುಗಿಸಿ ಎಂದು ದುಡ್ಡು ಹಾಕಿದವರು ಹೇಳುತ್ತಿದ್ದಾರೆ. ಬೇಕಾದರೆ ರಾಶಿಗಳನ್ನು ಕಂಪ್ಯೂಟರಿನಲ್ಲಿ ಮಾಡೋಣ ಎನ್ನುತ್ತಿದ್ದಾರೆ. ಸುಗ್ಗಿ ಇನ್ನು ಮೂರು ವಾರ ಇದ್ದರೆ ಹೆಚ್ಚು, ಅದು ಮುಗಿದರೆ ನಾಯಕಿಯ ಪಾತ್ರ ಮಾಡುವ ಹುಡುಗಿ ಬೇರೆ ಕೆಲಸಕ್ಕೆ ಹೋಗುತ್ತಾಳೆ.

"ನಾವು ಬಂದು ಕೇಳಿದ್ರೆ ಗೇಟಲ್ಲೇ ನಿಲ್ಲಿಸ್ತಾರೆ ಸಾರ್. ನೀವೊಂದ್ ಮಾತು ಕೇಳಿ ನೋಡ್ತೀರಾ? ಅಕ್ಕ ಇದ್ದಿದ್ರೆ..."

"ನೋಡ್ತೀನ್ರಿ," ಎಂದೆ. ನಾನು ಯಾರ ಬಾಗಿಲಿಗೂ ಹೋಗಿ ಏನನ್ನೂ ಕೇಳಿದವನಲ್ಲ. ನನ್ನ ಮದುವೆಯ ಮಾತನ್ನೂ ಕಾಕಾನೇ ಆಡಿದ್ದು.

ಮರುದಿನ ಬ್ಯಾಡಗಿಗೆ ಹೋದೆ. ಮಾರುಕಟ್ಟೆಯ ಕಚೇರಿಯಲ್ಲಿ, ವರ್ತಕರು ಒಪ್ಪಿದ್ರ ನಮ್ಮದೇನೂ ಇಲ್ಲ ಎಂದರು. ವರ್ತಕರ ಹತ್ತಿರ ಹೋದೆ. ಅವರು ಚಹಾ ಕೊಟ್ಟು, "ಅವತ್ತು ತ್ರಾಸ ಆಗಿದ್ದು ಆ ಹೆಣ್ಮಕ್ಕಳಿಗೆ. ದೊಡ್ಡವ್ವ ಹೂಂ ಅಂದ್ರ ನಾವೂ ಹೂಂ," ಎಂದರು. ಈ ಮಾತು ಹೇಳಿ ನನ್ನನ್ನು ಸಾಗಹಾಕಿದರೋ, ಖರೇನೇ ಹೇಳಿದರೋ ನನಗೆ ತಿಳಿಯಲಿಲ್ಲ.

ತಗಡಿನ ಶೆಡ್ಡಿನ ನೆರಳಿನಲ್ಲಿ ಇಪ್ಪತ್ತು ಮಂದಿ ಕೂತು ತೊಟ್ಟು ಮುರಿಯುತ್ತಿದ್ದರು. ಎಲ್ಲರ ಮೂಗು ಬಾಯಿಗೆ ಬಟ್ಟೆ. ದೊಡ್ಡವ್ವ ನನ್ನನ್ನು ನೋಡಿದಳು. ಗುರುತು ಸಿಕ್ಕಿತು.

"ಬೀಜದ ಸಾಹುಕಾರ್ರು ಬಂದ್ರಲ್ಲ. ಏನ್ರಿ, ಮತ್ತ ಗಾಳಿ ತಂದೀರೇನು?"

ಹೆಣ್ಣುಮಕ್ಕಳು ಬಟ್ಟೆಯೊಳಗೇ ನಕ್ಕರು.

"ಆಕಿ ಎಲ್ಲಿ? ತಾ ಬರಾಕ ನಾಚಿ ಗಂಡನ್ನ ಕಳಿಸ್ಯಾಳೇನು?"

"ಆಕಿ ಇಲ್ರಿ ದೊಡ್ಡವ್ವ," ಎಂದೆ. "ದೀಪಾವಳಿ ಆಗಿ ಎಂಟ್ ದಿನಕ್ಕ ಹೋದ್ಲು."

ಆ ನಾಲ್ಕು ತಿಂಗಳಲ್ಲಿ ಆ ಮಾತನ್ನು ನಾನು ಬಾಯಿಂದ ಹೇಳಿದ್ದು ಅದೇ ಮೊದಲು. ರಾಣೆಬೆನ್ನೂರಿನಲ್ಲಿ ಎಲ್ಲರಿಗೂ ಗೊತ್ತಿತ್ತು, ಹೇಳುವ ಪ್ರಸಂಗವೇ ಬಂದಿರಲಿಲ್ಲ. ದೊಡ್ಡವ್ವ ಮುಖದ ಬಟ್ಟೆಯನ್ನು ಗದ್ದಕ್ಕೆ ಎಳೆದುಕೊಂಡಳು. ಆಕೆಯ ಪೂರ್ತಿ ಮುಖ ನಾನು ನೋಡಿದ್ದು ಆಗಲೇ. ಪಕ್ಕದ ಖಾಲಿ ಚೀಲವನ್ನು ಝಾಡಿಸಿ ಹಾಸಿದಳು.

"ಕುಂದ್ರಿ."

ಕೂತೆ. ಸುಮ್ಮನೆ ಕೂತಿರಲು ಆಗದೆ ನಾನೂ ಒಂದು ಹಿಡಿ ಕಾಯಿ ತೆಗೆದುಕೊಂಡು ತೊಟ್ಟು ಮುರಿಯತೊಡಗಿದೆ. ಯಾರೂ ಬೇಡ ಎನ್ನಲಿಲ್ಲ. ಸ್ವಲ್ಪ ಹೊತ್ತಿನ ಮೇಲೆ ದೊಡ್ಡವ್ವ, "ಅವತ್ತು ಆಕಿ ನಮ್ ಜೋಡಿ ಕುಂತಾಗ ಮೈಯಾಗ ಆರಾಮ ಇದ್ಲೇನು?" ಎಂದು ಕೇಳಿದಳು.

"ಗೊತ್ತಿಲ್ರಿ. ಗೊತ್ತಾಗಿದ್ದು ಆಮ್ಯಾಲೆ."

"ನಾವು ಆಕಿಗೆ ಬಾಳ ಬೈದು ಮಾತಾಡಿದ್ವಿ."

"ಆ ಮಾತು ನನಗ ಆಡೋದಿತ್ತು ನೋಡ್ರಿ," ಎಂದೆ. ಎಲ್ಲಿಂದ ಬಂತೋ, ಹೇಳಿಬಿಟ್ಟೆ. "ಆ ಫ್ಯಾನು ಲಾರಿಂದ ಇಳಿಯೋದನ್ನ ನಾ ನೋಡಿದ್ದೆ. ನೋಡಿ ಸುಮ್ಕಿದ್ದೆ."

"ಬೀಜ ಮಾರಾವ್ರು ನೀವು. ಮೆಣಸಿನಕಾಯಿಗೆ ಗಾಳಿ ಹಚ್ಚಿದ್ರ ಏನಾಗ್ತೈತಿ ಗೊತ್ತಿರಲಿಲ್ಲೇನು?"

"ಗೊತ್ತಿತ್ರಿ. ಅವ್ರಿಗೂ ಗೊತ್ತಿರ್ತೈತಿ ಅನ್ಕೊಂಡಿದ್ದೆ."

ದೊಡ್ಡವ್ವ ನನ್ನನ್ನು ನೋಡಿದಳು, ಆಮೇಲೆ ತನ್ನ ಹೆಣ್ಣುಮಕ್ಕಳನ್ನು ನೋಡಿದಳು, ಆಮೇಲೆ ನಕ್ಕಳು. "ಅಲ್ಲಾ, ಆಕೀನೂ ಅವತ್ತು ಕಾಯಿ ಆರಿಸ್ಕೋತ ಇದನ್ನ ಅಂದ್ಲು ನೋಡ. ಗಂಡ ಹೆಂಡ್ತಿ ಒಂದ ತೂಕದವ್ರು ಅದೀರಿ."

ಒಪ್ಪಿದಳು. ಷರತ್ತುಗಳನ್ನು ತೊಟ್ಟು ಮುರಿಯುತ್ತಲೇ ಹೇಳಿದಳು. ಟೆಂಡರ್ ಮುಗಿದ ಮೇಲೆ, ತೂಕಕ್ಕೆ ಮೊದಲು, ಮಧ್ಯಾಹ್ನದಿಂದ ಹೊತ್ತು ಮುಳುಗುವ ತನಕ ಮಾತ್ರ. ನಾನೇ ಮುಂದೆ ನಿಂತಿರಬೇಕು. ಊಟ ಒಂದೇ ಸಾಲಿನಲ್ಲಿ ಆಗಬೇಕು, ನನ್ನ ಹೆಂಡತಿ ಹಾಗೆ ಕೂಡ್ರಿಸುತ್ತಿದ್ದಳೆಂದು ದೊಡ್ಡವ್ವನೂ ಕೇಳಿದ್ದಳು, ಹಮಾಲರೂ ತೊಟ್ಟು ಮುರಿಯುವವರೂ ಸೇರಿ. "ಮತ್ತ ಆ ಫ್ಯಾನು, ಅದು ಮೋಟೆಬೆನ್ನೂರು ದಾಟಿ ಈಚಿ ಬರಬಾರದು."

ಮನೆಗೆ ಬಂದು ಆಕೆಯ ನೋಟ್‌ಬುಕ್ಕು ತೆಗೆದೆ. ತೆಗೆದಿರಲೇ ಇಲ್ಲ ಅಲ್ಲಿಯವರೆಗೆ. ಕಡೆಯ ಸೀನಿನ ಪುಟ ಆಕೆಯ ಅಕ್ಷರದಲ್ಲಿ ಅರ್ಧ ತುಂಬಿತ್ತು. ಎಷ್ಟು ಜನ, ಯಾವ ಗಾಡಿ, ಕುಡಿಯುವ ನೀರು ಎಲ್ಲಿಡಬೇಕು. ಉಳಿದರ್ಧ ನಾನು ಬರೆದೆ. ಬರೆಯುವುದೇ ಬೇಡ ಎನಿಸುವಂಥ ಮಾತುಗಳನ್ನೆಲ್ಲ ಹುಡುಕಿ ಹುಡುಕಿ ಬರೆದೆ. ಅವ್ವನನ್ನು ಕೇಳಿದೆ, ಆಕೆ ಇನ್ನೂ ನಾಲ್ಕು ಹೇಳಿದಳು.

ಶೂಟಿಂಗಿನ ದಿನ ಬೆಂಗಳೂರಿನ ವ್ಯಾನುಗಳು ಗೇಟಿನ ಮುಂದೆ ನಿಂತಾಗ ಎಲ್ಲರನ್ನೂ ಕೆಳಗಿಳಿಸಿ ನಾನು ಚೀಟಿ ಹಿಡಿದುಕೊಂಡು ಓದಿದೆ. ಮೂವತ್ತು ಮಂದಿ ಎದುರು ನಿಂತು ನಾನು ಯಾವತ್ತೂ ಮಾತಾಡಿದವನಲ್ಲ.

"ಗಾಳಿ ಬ್ಯಾಡ. ಸಣ್ಣ ಫ್ಯಾನೂ ಬ್ಯಾಡ. ನೀರು ಚೆಲ್ಲಬ್ಯಾಡ್ರಿ, ಕಾಯಿ ಹಸಿ ಆದ್ರ ಕೆಡ್ತಾವ. ರಾಶಿ ತುಳಿಬ್ಯಾಡ್ರಿ. ಒಂದು ರಾಶಿ ಕಾಯಿ ಇನ್ನೊಂದ್ರಾಗ ಒಗಿಬ್ಯಾಡ್ರಿ. ಕಣ್ಣು ಉಜ್ಜಬ್ಯಾಡ್ರಿ. ಮೂಗು ಮುಟ್ಟಬ್ಯಾಡ್ರಿ. ಉಚ್ಚಿಗೆ ಹೋಗೂಕಿಂತ ಮೊದ್ಲು ಕೈ ತೊಳ್ಕೋರಿ."

ಹಮಾಲರು ಹೊಟ್ಟೆ ಹಿಡಿದು ನಕ್ಕರು. ಬೆಂಗಳೂರಿನವರು ಮಾತ್ರ ಗಂಭೀರವಾಗಿ ಕೇಳಿಕೊಂಡರು. ಹಿಂದಿನ ಸಾಲಿನಲ್ಲಿ ಒಬ್ಬ, "ಕಣ್ಣು ಉಜ್ಜಬಾರ್ದಾ ಸಾರ್?" ಎಂದು ಕೇಳಿದ. ನೋಡಿದರೆ ಒಂದು ಕಣ್ಣು ಆಗಲೇ ಕೆಂಪಗಾಗಿತ್ತು, ಗೇಟಿನ ಹತ್ತಿರ ಬಿದ್ದ ಕಾಯಿಯನ್ನು ಕೈಯಲ್ಲಿ ಹಿಡಿದು ನೋಡಿದ್ದನಂತೆ.

ಊಟ ಮೊದಲು. ಶೆಡ್ಡಿನ ಉದ್ದಕ್ಕೂ ಒಂದೇ ಸಾಲು. ನಾಯಕಿ ದೊಡ್ಡವ್ವನ ಪಕ್ಕ ಕೂತಳು. ಆಮೇಲೆ ಕೆಲಸ. ಹುಡುಗಿ ತನ್ನ ರಾಶಿಯ ಪಕ್ಕ ನಿಂತು, ವರ್ತಕ ಬರುವುದನ್ನು ಕಾಯುತ್ತ, ಒಂದು ಕಾಯಿ ಎತ್ತಿ ನೋಡಬೇಕು. ಮೊದಲ ಸಲ ನೋಡಿ ದೊಡ್ಡವ್ವ ನಡುವೆ ಬಾಯಿ ಹಾಕಿದಳು.

"ಯವ್ವಾ, ಹೂವ ಹಿಡದಂಗ ಹಿಡೀಬ್ಯಾಡ. ಮುಷ್ಟ್ಯಾಗ ಹಿಡದು ಅದುಮಿ ನೋಡು, ಒಣಗೈತಿಲ್ಲೋ ಅಂತ. ನಿಮ್ಮಪ್ಪ ಕಲಿಸಿದ್ದಿಲ್ಲೇನು?"

ಕಥೆಯಲ್ಲಿ ಅಪ್ಪ ಸತ್ತಿದ್ದ. ಆದರೆ ಹುಡುಗಿಯ ಮುಖ ಆ ಪ್ರಶ್ನೆಗೆ ಒಂದು ಥರ ಆಯಿತು, ನಿರ್ದೇಶಕಿ "ರೋಲ್, ರೋಲ್" ಎಂದು ಕ್ಯಾಮೆರಾದವನಿಗೆ ಪಿಸುಗುಟ್ಟಿದಳು. ಹುಡುಗಿ ಮುಷ್ಟಿಯಲ್ಲಿ ಕಾಯಿ ಅದುಮಿ ಸುಮ್ಮನೆ ನಿಂತಳು. ಮಾತಿಲ್ಲ, ಗಾಳಿಯಿಲ್ಲ, ಸೆರಗು ಹಾರಲಿಲ್ಲ. ಹಿಂದೆ ಹೆಣ್ಣುಮಕ್ಕಳು ತೊಟ್ಟು ಮುರಿಯುವ ಸದ್ದು ಅಷ್ಟೇ. ಸಂಜೆ ಬಿಸಿಲು ರಾಶಿಗಳ ಮೇಲೆ ಬಿದ್ದಿತ್ತು. ನಾನು ಕ್ಯಾಮೆರಾದ ಹಿಂದೆ ನಿಂತು, ಮೋಡ ಇಲ್ಲವಲ್ಲ ಎಂದು ಎರಡು ಸಲ ಮೇಲೆ ನೋಡಿದೆ.

"ಓಕೆ," ಎಂದಳು ನಿರ್ದೇಶಕಿ.

ಕುಂಬಳಕಾಯಿಯನ್ನು ನಾನು ಸ್ಕೂಟರಿನ ಮುಂದೆ ಇಟ್ಟುಕೊಂಡು ತಂದಿದ್ದೆ. ತೊಲೆಯಿಂದ ಇಳಿಸಿದಾಗ ನೋಡಿದ್ದೆ, ಆರು ತಿಂಗಳಾದರೂ ಒಂದು ಕಲೆಯಿಲ್ಲ, ಮೈತುಂಬ ಬೂದಿ ಹಾಗೇ ಇತ್ತು. ಯಾರ್ಡಿನೊಳಗೆ ಒಡೆದರೆ ನೆಲ ಹಸಿಯಾಗುತ್ತದೆ ಎಂದು ಗೇಟಿನ ಹೊರಗೆ ರಸ್ತೆಯ ಬದಿಗೆ ಹೋದೆವು. ಒಡೆಯುವ ಮೊದಲು ಮೇಲೆ ಒಂದು ಸಣ್ಣ ಬಾಯಿ ಕೊರೆದು ಕುಂಕುಮ ತುಂಬುತ್ತಾರೆ. ನಾನು ಚಾಕುವಿನಿಂದ ಕೊರೆದೆ. ಒಳಗೆ ಬೀಜ ಬೆಳ್ಳಗೆ, ದಪ್ಪಗೆ ಬಲಿತಿತ್ತು. ಇಪ್ಪತ್ತೈದು ವರ್ಷದಿಂದ ಬೀಜ ಮುಟ್ಟಿದ ಕೈ, ಬಿಡಲಿಲ್ಲ. ಕುಂಕುಮದ ತಟ್ಟೆ ಹಿಡಿದಿದ್ದ ನಿರ್ದೇಶಕಿಗೆ, "ಒಂದ್ ನಿಮಿಷ ತಡೀರಿ," ಎಂದು ಬೆರಳು ಹಾಕಿ ಒಂದು ಹಿಡಿ ಬೀಜ ತೆಗೆದು ಕರವಸ್ತ್ರದಲ್ಲಿ ಕಟ್ಟಿಕೊಂಡೆ.

"ಏನ್ರಿ ಅದು, ಕಳವು?" ಎಂದಳು ದೊಡ್ಡವ್ವ, ಹಿಂದೆಯೇ ನಿಂತಿದ್ದಳು.

"ಬೀಜರಿ."

"ಕುಂಕುಮ ಹಾಕಿದ ಮ್ಯಾಲ ತಗದಿದ್ರ ಬೈತಿದ್ದೆ. ಮೊದ್ಲ ತಗದೀರಿ, ಚಲೋ ಆತು. ನನಗೂ ನಾಕು ಕೊಡ್ರಿ. ಹಿತ್ತಲಾಗ ಹಾಕ್ತೀನಿ."

ಕುಂಕುಮ ತುಂಬಿದರು. ಕಾಯಿಯನ್ನು ನನ್ನ ಕೈಗೇ ಕೊಟ್ಟರು. ತಲೆಯ ಮೇಲೆತ್ತಿ ಒಡೆದೆ. ಬೆಂಗಳೂರಿನವರೂ ಹಮಾಲರ ಜೊತೆ ಚಪ್ಪಾಳೆ ತಟ್ಟಿದರು. ಆಮೇಲೆ ದೊಡ್ಡವ್ವನ ಸೆರಗಿನ ತುದಿಗೆ ನಾಲ್ಕಲ್ಲ, ಹತ್ತು ಬೀಜ ಹಾಕಿದೆ.

"ಹುಟ್ಟಲಿಲ್ಲಂದ್ರ ನಿಮ್ಮ ಅಂಗಡಿಗೆ ಬಂದು ಜಗಳ ತಗೀತೀನಿ ನೋಡ್ರಿ," ಎಂದು ಗಂಟು ಹಾಕಿಕೊಂಡಳು.

"ಬರ್ರಿ," ಎಂದೆ.

ಆ ದಿನದ ಪುಟದಲ್ಲಿ ಕಡೆಯ ಸಾಲನ್ನು ನಾನೇ ಬರೆದೆ. ಎಲ್ಲರೂ ಉಂಡರು. ಅಕ್ಷರ ಆಕೆಯದರಷ್ಟು ದುಂಡಗಿಲ್ಲ.

ಸಿನಿಮಾ ಇನ್ನೂ ಬಿಡುಗಡೆಯಾಗಿಲ್ಲ. ಹೊಸ ವರ್ಷದ ಹೊತ್ತಿಗೆ ಆಗಬಹುದು ಎನ್ನುತ್ತಾರೆ. ಮೊದಲು ಬ್ಯಾಡಗಿಯಲ್ಲಿ ತೋರಿಸಬೇಕು, ಯಾರ್ಡಿನ ಹೆಣ್ಣುಮಕ್ಕಳು ಮುಂದಿನ ಸಾಲಿನಲ್ಲಿ ಕೂಡ್ರಬೇಕು ಎಂದು ನಿರ್ದೇಶಕಿಗೆ ಹೇಳಿದ್ದೇನೆ. ಈಗ ಸ್ವಲ್ಪ ಹೇಳಲು ಬರುತ್ತದೆ ನನಗೆ.

ಬೀಜಗಳನ್ನು ಬೂದಿಯಲ್ಲಿ ಹೊರಳಿಸಿ ಒಣಗಿಸಿಟ್ಟಿದ್ದೆ. ಮೊದಲ ಮಳೆಗೆ ಕೆಲವನ್ನು ಗೋದಾಮಿನ ಗೋಡೆಯ ಬುಡದಲ್ಲಿ ಊರಿದೆ. ಹುಟ್ಟಿದವು. ಬಳ್ಳಿ ತಗಡು ಏರಿ, ಪಕ್ಕದ ಅಂಗಡಿಯ ಬೋರ್ಡಿಗೂ ಹೋಗಿ, ಅವರ ಕೈಯಿಂದ ಬೈಸಿಕೊಂಡೂ ಆಯಿತು. ಈಗ ಏಳು ಕಾಯಿ ಬಿಟ್ಟಿದೆ. ಅವ್ವ ದಿನಾ ಬೆಳಿಗ್ಗೆ ಎಣಿಸುತ್ತಾಳೆ. ಆರು ಸಂಡಿಗೆಗೆ, ಒಂದು ಮುಟ್ಟಬೇಡ ಎಂದು ಆಕೆಯೇ ನನಗೆ ಹೇಳಿದ್ದಾಳೆ.

ಹೋದ ವಾರ ದೊಡ್ಡವ್ವ ಅಂಗಡಿಗೆ ಬಂದಿದ್ದಳು. ಬಸ್ಸಿಳಿದು ನಡೆದು ಬಂದು ಕಟ್ಟೆಯ ಮೇಲೆ ಕೂತು, ನೀರು ಕುಡಿದು, ಚೀಲದಿಂದ ಒಂದು ಎಳೆಯ ಕುಂಬಳಕಾಯಿ ತೆಗೆದು ಕೌಂಟರಿನ ಮೇಲಿಟ್ಟಳು.

"ಜಗಳ ತಗಿಯಾಕ ಬಂದಿದ್ದೆ," ಎಂದಳು. "ಒಂಬತ್ತು ಹುಟ್ಯಾವು. ಒಂದು ಹುಟ್ಟಿಲ್ಲ."

ನಾನು ಒಳಗೆ ಹೋಗಿ ಇನ್ನೊಂದು ಬೀಜ ತಂದುಕೊಟ್ಟೆ.